ಮಗಳು ಬರೆದ ಮನೆ

ಟ್ಯಾಮ್ಸಿನ್ ಬರೆದ ಧಾರಾವಾಹಿಯ ಮೊದಲ ಕಂತು ಟೀವಿಯಲ್ಲಿ ಬರುವ ಭಾನುವಾರ ಗ್ಲೆನಿಸ್ ಪ್ಯಾಸ್ಕೋ ಮಧ್ಯಾಹ್ನ ಮೂರಕ್ಕೇ ಹಿಟ್ಟು ನಾದತೊಡಗಿದಳು. ಚಿಪ್ಪುಮೀನಿನ ಪೈ ಮಗಳಿಗೆ ಇಷ್ಟ. ಮಗಳೇನೋ ಸಮುದ್ರದಾಚೆ ಮೆಲ್ಬರ್ನಿನಲ್ಲಿದ್ದಳು, ಹುಟ್ಟೂರು ಬರ್ನಿಯ ಕಡೆ ತಲೆ ಹಾಕಿ ವರ್ಷದ ಮೇಲಾಗಿತ್ತು. ಆದರೂ ಅವಳ ಹೆಸರಲ್ಲಿ ಮನೆಯಲ್ಲಿ ಏನಾದರೂ ವಿಶೇಷ ಆಗಬೇಡವೇ? ಗ್ಲೆನಿಸ್‌ಗೆ ಅರವತ್ತೇಳು. ಇಪ್ಪತ್ತು ವರ್ಷ ಶಾಲೆಯ ಕ್ಯಾಂಟೀನಿನಲ್ಲಿ ಊರ ಮಕ್ಕಳಿಗೆಲ್ಲ ಬಡಿಸಿದವಳು. ತನ್ನ ಹೊಟ್ಟೆಯಲ್ಲಿ ಹುಟ್ಟಿದವಳ ಹೆಸರನ್ನು ಇಡೀ ದೇಶ ಓದುತ್ತದೆಂದು ಆ ದಿನ ಅವಳ ಕಾಲು ನೆಲದ ಮೇಲೆ ನಿಲ್ಲುತ್ತಿರಲಿಲ್ಲ.

ಏಳೂವರೆಗೆ ಎಲ್ಲರೂ ತಟ್ಟೆ ಹಿಡಿದು ಟೀವಿಯ ಮುಂದೆ ಕೂತರು. ಗಂಡ ರೆಕ್ಸ್ ತನ್ನ ಮಾಮೂಲಿ ಕುರ್ಚಿಯಲ್ಲಿ. ಮೂವತ್ತನಾಲ್ಕು ವರ್ಷ ಕಾಗದದ ಗಿರಣಿಯಲ್ಲಿ ಪಾಳಿ ಮಾಡಿದ ಮನುಷ್ಯ; ಗಿರಣಿ ಮುಚ್ಚಿದ ಮೇಲೆ ಹಗಲೆಲ್ಲ ಹಿತ್ತಿಲ ಶೆಡ್ಡೇ ಅವನ ಲೋಕ. ಮಗ ಕ್ರೇಗ್ ಸೋಫಾದ ಮೇಲೆ. ನಲವತ್ತನಾಲ್ಕನೆಯ ವಯಸ್ಸಿಗೆ ಹೆಂಡತಿಯಿಂದ ಬೇರೆಯಾಗಿ, ಎರಡು ಸೂಟ್‌ಕೇಸು ಹಿಡಿದು ಅಮ್ಮನ ಮನೆಗೆ ವಾಪಸಾಗಿದ್ದವನು. ಹಾರ್ಡ್‌ವೇರ್ ಅಂಗಡಿಯೊಂದರ ವ್ಯಾನು ಓಡಿಸುತ್ತಿದ್ದ. ಅವನ ಮಗಳು ಟೇಲಾಗೆ ಹದಿನಾರು. ತಾಯಿಯ ಜೊತೆ ಇರುವವಳು ಭಾನುವಾರ ಮಾತ್ರ ತಪ್ಪದೆ ಬರುತ್ತಿದ್ದಳು.

ಪರದೆಯ ಮೇಲೆ ಗುಡ್ಡದ ಮೇಲಿನ ಹಲಗೆ ಗೋಡೆಯ ಮನೆ ಕಂಡಿತು. ಅಡಿಗೆಮನೆಯ ಕಿಟಕಿಯಾಚೆ ಬಂದರಿನ ಹಡಗುಗಳು. ಡಾಟ್ ಎಂಬ ಹೆಸರಿನ ತಾಯಿ ಬಿಸ್ಕತ್ತಿನ ಡಬ್ಬದ ಮುಚ್ಚಳ ತೆಗೆದು, ತುಟಿ ಅಲ್ಲಾಡಿಸುತ್ತಾ ಎಣಿಸಿ, ಮುಚ್ಚಿಟ್ಟಳು.

"ಅಜ್ಜಿ, ಅದು ನೀನೇ," ಎಂದಳು ಟೇಲಾ.

"ನಾನ್ಯಾವತ್ತೇ ಬಿಸ್ಕತ್ತು ಎಣಿಸಿದ್ದು?"

"ಕಳೆದ ವಾರ ತಾನೇ ಕೇಳಿದೆಯಲ್ಲ, ಹದಿನಾಲ್ಕಿದ್ದಿದ್ದು ಹನ್ನೊಂದು ಹೆಂಗಾಯ್ತು ಅಂತ."

ರೆಕ್ಸ್ ಪೈ ಬಾಯಲ್ಲಿಟ್ಟುಕೊಂಡೇ ನಕ್ಕ. ಅಷ್ಟರಲ್ಲಿ ಪರದೆಯ ಮೇಲೆ ಆ ಮನೆಯ ಮಗ ಕೆಲಸ ಮುಗಿಸಿ ಬಂದು, ಮನೆಯ ಮುಂದೆ ಕಾರು ನಿಲ್ಲಿಸಿ, ಇಳಿಯದೆ ಸುಮ್ಮನೆ ಕೂತ. ಒಳಗೆ ಊಟ ಆರುತ್ತಿತ್ತು. ಅವನು ಅರ್ಧ ಗಂಟೆ ಕೂತೇ ಇದ್ದ.

"ಇದು ಅನ್ಯಾಯ," ಎಂದ ಕ್ರೇಗ್. "ನಾನು ಕಾರಲ್ಲಿ ಕೂರೋದು ಫೋನಲ್ಲಿ ಮಾತಾಡೋಕೆ."

"ಯಾರ ಜೊತೆ ಅಪ್ಪ? ಸ್ಟೇರಿಂಗ್ ಜೊತೆನಾ?"

"ಸುಮ್ನೆ ಪೈ ತಿನ್ನು."

ಹೀಗೇ ಮುಗಿಯಿತು ಮೊದಲ ವಾರ. ಪಕ್ಕದಲ್ಲಿ ಕೂತವರನ್ನು ಪರದೆಯ ಮೇಲೆ ಎಲ್ಲರೂ ಗುರುತು ಹಿಡಿದರು. ತಾನು ಮಾತ್ರ ಹಾಗಿಲ್ಲ ಎಂದು ಪ್ರತಿಯೊಬ್ಬರೂ ವಾದಿಸಿದರು. ಟ್ಯಾಮ್ಸಿನ್ ಫೋನು ಮಾಡಿದಾಗ ಗ್ಲೆನಿಸ್, "ಚೆನ್ನಾಗಿತ್ತು ಕಣೇ, ಆದ್ರೆ ಆ ಡಾಟ್ ಪಾರ್ಟು ಮಾಡಿದವಳು ಸ್ವಲ್ಪ ದಪ್ಪ ಆದ್ಲು," ಎಂದಳು.

"ಅಮ್ಮ, ಅವಳು ನೀನಲ್ಲ. ಎಲ್ಲ ನಾನು ಕಟ್ಟಿದ ಕತೆ."

"ನಾನು ಅಂತ ನಾನೆಲ್ಲಿ ಅಂದೆ?"

ಎರಡನೆಯ ಭಾನುವಾರ ಪರದೆಯ ಮೇಲಿನ ತಂದೆ ಶೆಡ್ಡಿನೊಳಗೆ ಚಿಲಕ ಹಾಕಿಕೊಂಡು, ರೇಡಿಯೋದ ಕೇಳುಗರ ಕಾರ್ಯಕ್ರಮಕ್ಕೆ ಫೋನು ಮಾಡಿದ. ಹೆಸರು ಬದಲಿಸಿ ಹೇಳಿದ. ಊರೂ ಬೇರೆ. ತನ್ನ ಹೆಂಡತಿ ತೀರಿಕೊಂಡು ಎಷ್ಟೋ ವರ್ಷವಾಯಿತೆಂದು ಗದ್ಗದ ಕಂಠದಲ್ಲಿ ಹೇಳುತ್ತಿದ್ದ. ಅವನ ಹಿಂದಿನ ಕಿಟಕಿಯಲ್ಲಿ ಡಾಟ್ ಅವನದೇ ಪ್ಯಾಂಟುಗಳನ್ನು ಹಗ್ಗಕ್ಕೆ ಹರವುತ್ತಿದ್ದಳು.

ಕ್ರೇಗ್ ಹೊಟ್ಟೆ ಹಿಡಿದುಕೊಂಡು ನಕ್ಕ. ಟೇಲಾ ನಕ್ಕಳು. ಗ್ಲೆನಿಸ್ ಕೂಡ ನಕ್ಕಳು. ರೆಕ್ಸ್ ಎದ್ದು, "ಸೌದೆ ತರ್ತೀನಿ," ಎಂದು ಹೊರಗೆ ಹೋದ. ಒಲೆಯ ಪಕ್ಕದ ಬುಟ್ಟಿಯಲ್ಲಿ ಸೌದೆ ತುಂಬಿತ್ತು.

ಆ ಬುಟ್ಟಿಯನ್ನು ನೋಡಿದಾಗ ಗ್ಲೆನಿಸ್‌ಳ ನಗು ಅರ್ಧಕ್ಕೇ ನಿಂತಿತು.

ಗುರುವಾರ ಬೆಳಿಗ್ಗೆ ಅವಳು ಚರ್ಚಿನ ಹಳೆ ಬಟ್ಟೆ ಅಂಗಡಿಗೆ ಹೋಗುವ ದಿನ. ಸಂಬಳವಿಲ್ಲದ ಸೇವೆ, ಹನ್ನೊಂದು ವರ್ಷದಿಂದ ಒಂದು ಗುರುವಾರವೂ ತಪ್ಪಿಸಿದ್ದಿಲ್ಲ. ಆ ಗುರುವಾರ ಅಂಗಡಿಯ ಹಿಂದೆ ಕಾರು ನಿಲ್ಲಿಸಿದವಳು ಇಳಿಯಲಿಲ್ಲ. ರೇಡಿಯೋ ಹಾಕಿದಳು. ಕೇಳುಗರು ಫೋನು ಮಾಡುವ ಹತ್ತು ಗಂಟೆಯ ಕಾರ್ಯಕ್ರಮದಲ್ಲಿ ಯಾರೋ ಹೆಂಗಸು ಟೊಮ್ಯಾಟೊ ಗಿಡದ ರೋಗದ ಬಗ್ಗೆ ಮಾತಾಡಿದಳು. ಆಮೇಲೆ ನಿರೂಪಕ, "ಈಗ ನಮ್ಮ ಹಳೇ ಗೆಳೆಯರು, ಪೆಂಗ್ವಿನ್ ಊರಿಂದ ಟ್ರೆವರ್. ಹೇಗಿದೀರ ಟ್ರೆವರ್?" ಎಂದ.

"ಇದೀನಪ್ಪ. ಒಂದೊಂದೇ ದಿನ ತಳ್ತಾ ಇದೀನಿ," ಎಂದ ರೆಕ್ಸ್.

ನಲವತ್ತಾರು ವರ್ಷ ಒಂದೇ ಹಾಸಿಗೆಯಲ್ಲಿ ಕೇಳಿದ ದನಿ. ಆದರೆ ಈ ದನಿಯಲ್ಲಿ ಅವಳು ಕೇಳಿಯೇ ಇರದ ಮೆದುತನವಿತ್ತು.

"ಪ್ಲಮ್ ಹಣ್ಣಿನ ಕಾಲ ಬಂತು ನೋಡಿ, ನಮ್ಮ ಮಾರ್ಜರಿ ನೆನಪಾಗ್ತಾಳೆ. ಅವಳು ಹೋಗಿ ಆಗಸ್ಟಿಗೆ ಒಂಬತ್ತು ವರ್ಷ. ಜಾಮ್ ಕುದಿಯೋಕಿಟ್ಟು ಹಾಡ್ತಾ ನಿಂತುಬಿಡೋಳು. ತಳ ಸ್ವಲ್ಪ ಹಿಡಿದುಬಿಡೋದು. ನಾನು ಏನೂ ಅಂತಿರ್ಲಿಲ್ಲ. ಆ ಸೀದ ವಾಸನೆ ಈಗ ಎಲ್ಲಿ ಹುಡುಕ್ಲಿ ಹೇಳಿ."

"ಎಂಥ ಅದೃಷ್ಟವಂತೆ ನಿಮ್ಮ ಮಾರ್ಜರಿ," ಎಂದ ನಿರೂಪಕ.

ಗ್ಲೆನಿಸ್ ಮಾಡಿದ ಜಾಮು ಒಂದು ಸಲವೂ ತಳ ಹಿಡಿದದ್ದಿಲ್ಲ. ಹಾಡುವ ಅಭ್ಯಾಸ ಅವಳಿಗಿರಲಿಲ್ಲ. ಅವಳು ರೇಡಿಯೋ ಆರಿಸಿ, ಅಂಗಡಿಯೊಳಗೆ ಹೋಗಿ, ಸಂಜೆಯ ತನಕ ಬೇರೆಯವರ ಕೋಟುಗಳ ಜೇಬು ತಡಕಿ ಕರವಸ್ತ್ರ, ಬಸ್ಸಿನ ಟಿಕೆಟ್ಟು ತೆಗೆದು ಹಾಕಿದಳು.

ರಾತ್ರಿ ಊಟಕ್ಕೆ ಸಾಸೇಜು, ಬೇಯಿಸಿ ಕಲಸಿದ ಆಲೂಗಡ್ಡೆ ಬಡಿಸುತ್ತಾ ಕೇಳಿದಳು: "ಬೆಳಿಗ್ಗೆ ಏನು ಮಾಡ್ದೆ?"

"ಏನಿಲ್ಲ. ಗರಗಸಕ್ಕೆ ಸಾಣೆ ಹಿಡಿದೆ."

"ಪ್ಲಮ್ ಬಂದಿದೆ ಮಾರ್ಕೆಟ್ಟಿಗೆ. ಜಾಮ್ ಮಾಡ್ಲಾ?"

"ಯಾಕೆ? ಹೋದ ವರ್ಷದ್ದೇ ಮೂರು ಸೀಸೆ ಇದೆ," ಎಂದ ರೆಕ್ಸ್, ತಟ್ಟೆಯಿಂದ ತಲೆಯೆತ್ತದೆ.

ಅವಳಿಗೆ ಜೀವಂತ ಇದ್ದೂ ಸತ್ತವಳಾದ ದುಃಖವಿತ್ತು, ನಿಜ. ಆದರೆ ಅದಕ್ಕಿಂತ ದೊಡ್ಡ ಭಯವೊಂದು ಅವತ್ತೇ ಎದೆಯೊಳಗೆ ಬಂದು ಕೂತಿತು. ಟ್ಯಾಮ್ಸಿನ್‌ಗೆ ಇದು ಗೊತ್ತಿತ್ತಲ್ಲ. ಚಿಲಕ ಹಾಕಿದ ಶೆಡ್ಡಿನೊಳಗಿನದ್ದೇ ಗೊತ್ತಿದ್ದವಳಿಗೆ ಈ ಮನೆಯದು ಇನ್ನೇನು ಗೊತ್ತಿಲ್ಲ?

ಮೂರನೆಯ ವಾರ ಟೇಲಾಳ ಸರದಿ. ಧಾರಾವಾಹಿಯ ಮೊಮ್ಮಗಳು ಅಜ್ಜಿ ಕಟ್ಟಿಕೊಟ್ಟ ಬುತ್ತಿಯನ್ನು ದಿನವೂ ಬಸ್ ಸ್ಟಾಪಿನ ಕಸದ ಬುಟ್ಟಿಗೆ ಹಾಕಿ, "ಅಜ್ಜಿ, ಸೂಪರ್ ಆಗಿತ್ತು," ಎನ್ನುತ್ತಿದ್ದಳು. ಟೇಲಾ ಕೆಂಪಗಾಗಿ, "ಅದು ಇಲ್ಲಿಂದ ಶಾಲೆಗೆ ಹೋಗ್ತಿದ್ದಾಗ, ಒಂದೇ ಒಂದು ಟರ್ಮ್ ಮಾಡಿದ್ದು," ಎಂದಳು. ಗ್ಲೆನಿಸ್ ಬೈಯಲಿಲ್ಲ. ಅವಳ ಕಣ್ಣು ಮುಂದಿನ ಭಾನುವಾರದ ಮೇಲಿತ್ತು.

ಅವಳು ಹೆದರಿದ್ದೇ ಬಂತು.

ನಾಲ್ಕನೆಯ ಕಂತಿನಲ್ಲಿ ಡಾಟ್ ಇಸ್ತ್ರಿ ಮಾಡುತ್ತಿದ್ದಳು. ಬಚ್ಚಲುಮನೆಯಲ್ಲಿ ಧೊಪ್ಪೆಂದು ಸದ್ದು. ಅತ್ತೆಯ ಕೂಗು: "ಡಾಟ್! ಬಿದ್ದೆ ಕಣೇ!" ಡಾಟ್ ಇಸ್ತ್ರಿ ಪೆಟ್ಟಿಗೆ ಎತ್ತಿ ಹಿಡಿದು ಒಂದು ಕ್ಷಣ ಯೋಚಿಸಿದಳು. ಆಮೇಲೆ ರೇಡಿಯೋದ ಸದ್ದು ಸ್ವಲ್ಪ ಏರಿಸಿ, ಮುದ್ದಾದ ದನಿಯಲ್ಲಿ, "ಬಂದೆ ಅತ್ತೆ, ಇನ್ನೆರಡೇ ಶರಟು," ಎಂದಳು. ಒಂದನ್ನು ಮುಗಿಸಿದಳು. ಇನ್ನೊಂದನ್ನು ಮುಗಿಸಿದಳು. ಮೂರನೆಯದನ್ನೂ ಬುಟ್ಟಿಯಿಂದ ತೆಗೆದಳು.

ಕ್ರೇಗ್‌ಗೆ ನಕ್ಕು ನಕ್ಕು ಕಣ್ಣಲ್ಲಿ ನೀರು ಬಂತು. "ಅಯ್ಯೋ, ಥೆಲ್ಮಾ ಅಜ್ಜಿನೇ ಅದು. ಅದೇ ಕೂಗು."

ರೆಕ್ಸ್ ಕೂಡ ನಕ್ಕ. "ನಮ್ಮಮ್ಮನ್ನ ಚೆನ್ನಾಗಿ ಹಿಡಿದಿದಾಳೆ ಹುಡುಗಿ," ಎಂದ. ಆಮೇಲೆ ನಗು ನಿಲ್ಲಿಸಿ ಬಿಯರಿನ ಡಬ್ಬಿಯನ್ನೇ ನೋಡುತ್ತಾ ಕೂತ.

ಗ್ಲೆನಿಸ್ ತಟ್ಟೆಗಳನ್ನು ಎತ್ತಿಕೊಂಡು ಅಡಿಗೆಮನೆಗೆ ಹೋದಳು. ನಲ್ಲಿ ಬಿಟ್ಟು, ತೊಳೆದ ತಟ್ಟೆಗಳನ್ನೇ ಮತ್ತೆ ತೊಳೆದಳು.

ಥೆಲ್ಮಾ ರೆಕ್ಸನ ತಾಯಿ. ಆರು ವರ್ಷ ಈ ಮನೆಯಲ್ಲಿದ್ದಳು. ದಿನಕ್ಕೆ ನಲವತ್ತು ಸಲ ಕೂಗುವವಳು: ಪರದೆ ಸರಿಸು, ಚಹಾ ಆರಿತು, ಈ ಮೊಟ್ಟೆ ಯಾವ ಕಾಲದ್ದು. ಬಂದವರ ಮುಂದೆ ಸೊಸೆಯನ್ನು "ನಮ್ಮ ಕ್ಯಾಂಟೀನಿನವಳು" ಎಂದೇ ಕರೆಯುತ್ತಿದ್ದಳು. ಇಪ್ಪತ್ತೇಳು ವರ್ಷದ ಹಿಂದಿನ ಒಂದು ಬೆಳಿಗ್ಗೆ, ಆರನೆಯ ಸಲವೋ ಏಳನೆಯ ಸಲವೋ ಕೂಗಿಸಿಕೊಂಡು ಬಂದು ಗ್ಲೆನಿಸ್ ಇಸ್ತ್ರಿ ಹಿಡಿದಾಗ ಆ ಸದ್ದು ಕೇಳಿತು. ಬಿದ್ದ ಸದ್ದೆಂದು ಅವಳಿಗೆ ಗೊತ್ತಾಯಿತು. ಗೊತ್ತಾಗಲಿಲ್ಲ ಎಂದು ಅವಳು ತನಗೆ ತಾನೇ ಒಂದು ದಿನವೂ ಹೇಳಿಕೊಂಡದ್ದಿಲ್ಲ. ಕೂಗು ಶುರುವಾಯಿತು. ಅವಳು ಇಸ್ತ್ರಿ ಮಾಡುತ್ತಲೇ ಇದ್ದಳು. ಟ್ಯಾಮ್ಸಿನ್‌ಗೆ ಆಗ ಹನ್ನೊಂದು ವರ್ಷ. ಮಂಗನಬಾವು ಬಂದು ಶಾಲೆಗೆ ಹೋಗದೆ ಪಕ್ಕದ ಕೋಣೆಯಲ್ಲೇ ಮಲಗಿದ್ದಳು.

ಥೆಲ್ಮಾ ಆಸ್ಪತ್ರೆಯಲ್ಲಿ ಮೂರು ವಾರ ಬದುಕಿದ್ದಳು. ಮಾತು ನಿಂತುಹೋಗಿತ್ತು. ಗ್ಲೆನಿಸ್ ದಿನವೂ ಹೋಗಿ ಅವಳ ಬಾಯಿಗೆ ನೀರು ಹಾಕಿದಳು. ಎಂಥ ಸೊಸೆ ಎಂದು ದಾದಿಯರು ಹೊಗಳಿದ್ದರು.

ಆ ಕಂತು ಬಂದ ಮೇಲೆ ಊರಿಗೆಲ್ಲ ಒಂದು ಹೊಸ ಮಾತು ಸಿಕ್ಕಿತು. ಮಾಂಸದಂಗಡಿಯಲ್ಲಿ ಸರದಿ ನಿಂತಾಗ ಕಟುಕ, "ಬಂದೆ ಅತ್ತೆ, ಇನ್ನೆರಡೇ ಶರಟು," ಎಂದು ಗ್ಲೆನಿಸ್ ಕಡೆ ಕಣ್ಣು ಮಿಟುಕಿಸಿದ. ಬಟ್ಟೆ ಅಂಗಡಿಯ ಗೆಳತಿ ವ್ಯಾಲ್ ಗಲ್ಲಾದಿಂದ ಕರೆದಾಗಲೆಲ್ಲ ಅದನ್ನೇ ಹೇಳುತ್ತಿದ್ದಳು. "ನಿನ್ನ ಮಗಳ ತಲೆಗೆ ಚಿನ್ನದ ಕಿರೀಟ ಹಾಕ್ಬೇಕು ಕಣೇ. ನಮ್ಮತ್ತೆ ಬದುಕಿದ್ದಾಗ ನನಗೂ ಹಾಗೇ ಅನ್ನಿಸಿತ್ತು."

"ಅನ್ನಿಸಿತ್ತು," ಎಂದಳು ಗ್ಲೆನಿಸ್.

"ಅನ್ನಿಸೋದು ಬೇರೆ, ಮಾಡೋದು ಬೇರೆ ಬಿಡು," ಎಂದು ವ್ಯಾಲ್ ನಕ್ಕಳು.

ಮನೆಯಲ್ಲಿ ರೆಕ್ಸ್ ಮಾತು ಕಮ್ಮಿ ಮಾಡಿದ್ದ. ಊಟಕ್ಕೆ ಬಂದು ಕೂತು, ಉಂಡು, ಎದ್ದು ಹೋಗುತ್ತಿದ್ದ. ಅವನಿಗೆ ಗೊತ್ತಾಗಿದೆ, ಕೇಳಲು ಹೊತ್ತು ನೋಡುತ್ತಿದ್ದಾನೆ ಎಂದು ಗ್ಲೆನಿಸ್ ತಿಳಿದಳು. ಅವನೋ, ಟ್ರೆವರನ ವಿಷಯ ಇವಳಿಗೆ ಗೊತ್ತಾಗಿದೆ, ಇವತ್ತು ಕೇಳುತ್ತಾಳೆ, ನಾಳೆ ಕೇಳುತ್ತಾಳೆ ಎಂದು ಹೆದರಿ ಸಾಯುತ್ತಿದ್ದ. ಇದು ಅವಳಿಗೆ ತಿಳಿದದ್ದು ಆಮೇಲೆ. ಹೀಗೆ ಒಂದೇ ಮೇಜಿನ ಆಚೆ ಈಚೆ ಕೂತು ಇಬ್ಬರೂ ಒಬ್ಬರಿಗೊಬ್ಬರು ಉಪ್ಪು ದಾಟಿಸುತ್ತಾ ಒಂದು ವಾರ ಕಳೆದರು.

ಐದನೆಯ ಭಾನುವಾರ ಟ್ಯಾಮ್ಸಿನ್ ಬಂದಳು. ಮುಂಚೆ ಹೇಳಿರಲಿಲ್ಲ, ಬೆಳಗಿನ ವಿಮಾನ ಹಿಡಿದು ಬಂದುಬಿಟ್ಟಿದ್ದಳು. ಮೂವತ್ತೆಂಟು ವರ್ಷದ ಮಗಳು ಬಾಗಿಲಲ್ಲಿ ಹೂವು ಹಿಡಿದು ನಿಂತಿದ್ದಳು. ಕುರಿಮರಿಯ ರೋಸ್ಟು ಆಗಲೇ ಒಲೆಯಲ್ಲಿತ್ತು. ಗ್ಲೆನಿಸ್ ಇನ್ನೆರಡು ಆಲೂಗಡ್ಡೆ ಹೆಚ್ಚಿ ಹಾಕಿದಳು.

ಊಟಕ್ಕೆ ಕೂತಾಗ ಟ್ಯಾಮ್ಸಿನ್ ಒಬ್ಬಳೇ ಮಾತಾಡಿದಳು. ಯಾವ ಪತ್ರಿಕೆ ಏನು ಬರೆಯಿತು, ಡಾಟ್ ಪಾತ್ರದವಳನ್ನು ಬೀದಿಯಲ್ಲಿ ಜನ ಹೇಗೆ ಮುತ್ತುತ್ತಾರೆ. "ಎಲ್ಲರಿಗೂ ಆ ಇಸ್ತ್ರಿ ದೃಶ್ಯವೇ ಬೇಕು. ಬಹುಮಾನಕ್ಕೆ ಅದನ್ನೇ ಕಳಿಸ್ತಾರಂತೆ."

ಗ್ಲೆನಿಸ್ ಪುದೀನ ಸಾಸಿನ ಬಟ್ಟಲನ್ನು ಕೆಳಗಿಟ್ಟಳು.

"ನನ್ನನ್ನ ಒಂದು ಮಾತು ಕೇಳ್ಬಹುದಿತ್ತು ನೀನು."

"ಏನನ್ನಮ್ಮ?"

"ಇಪ್ಪತ್ತೇಳು ವರ್ಷ ಬಾಯಿ ಬಿಡದೆ ಇದ್ದು, ಈಗ ಊರ ಮುಂದೆ ಇಟ್ಟೆ. ನನ್ನೆದುರು ನಿಂತು ಕೇಳಿದ್ರೆ ಹೇಳ್ತಿದ್ದೆ. ನೀನು ಮಂಗನಬಾವು ಬಂದು ಪಕ್ಕದ ಕೋಣೇಲೇ ಮಲಗಿದ್ದೆ. ಅಷ್ಟು ಕೇಳಿಸ್ಕೊಂಡವಳು ಲೆಕ್ಕನಾದ್ರೂ ಸರಿಯಾಗಿ ಹೇಳು. ಮೂರು ಶರಟಲ್ಲ. ಬುಟ್ಟಿ ಪೂರ್ತಿ."

ಟ್ಯಾಮ್ಸಿನ್‌ಳ ಕೈಯಲ್ಲಿದ್ದ ಫೋರ್ಕು ಗಾಳಿಯಲ್ಲೇ ನಿಂತಿತ್ತು.

"ಅಮ್ಮ," ಎಂದಳು ಅವಳು ಮೆಲ್ಲಗೆ. "ಅದು ನಾನು ಕಟ್ಟಿದ್ದು."

"ಏನು?"

"ನಾನು ಜ್ವರದಲ್ಲಿ ನಿದ್ದೆ ಮಾಡ್ತಿದ್ದೆ. ಆಂಬುಲೆನ್ಸ್ ಬಂದಾಗಲೇ ಎಚ್ಚರ ಆಗಿದ್ದು. ನನಗೇನೂ ಗೊತ್ತಿಲ್ಲ. ನಗು ಬರ್ಲಿ ಅಂತ ಬರೆದೆ."

"ಮತ್ತೆ ಅಪ್ಪನ ರೇಡಿಯೋ?"

"ಅದು... ಊರು ನೆನಪಾದಾಗ ಫೋನಲ್ಲಿ ಇಲ್ಲಿನ ರೇಡಿಯೋ ಹಾಕ್ಕೋತೀನಿ. ಅಪ್ಪನ ದನಿ ಬಂತು. ಅದೊಂದೇ ನಿಜ."

ರೆಕ್ಸ್ ಮಾಂಸ ಕೊಯ್ಯುವ ಚಾಕುವನ್ನು ಇನ್ನೂ ಹಿಡಿದೇ ಇದ್ದ. "ಎಷ್ಟು ಹೊತ್ತು?" ಎಂದು ಕೇಳಿದ.

"ರೆಕ್ಸ್..."

"ಎಷ್ಟು ಹೊತ್ತು ಅಂದೆ."

"ಮುಕ್ಕಾಲು ಗಂಟೆ."

"ಡಾಕ್ಟ್ರಿಗೆ ಏನು ಹೇಳ್ದೆ ಆಗ?" ಎಂದ ಕ್ರೇಗ್.

"ಈಗಷ್ಟೇ ಬಿದ್ರು ಅಂದೆ."

ರೆಕ್ಸ್ ತಟ್ಟೆಯನ್ನು ದೂರ ತಳ್ಳಿದ. "ನಲವತ್ತಾರು ವರ್ಷ," ಎಂದ. "ನೀನು ಮಾಡಿ ಹಾಕಿದ್ದು ತಿಂದೆ. ಮಾರ್ಜರಿ ಆಗಿದ್ರೆ ಓಡಿ ಹೋಗಿರ್ತಿದ್ಲು."

"ಮಾರ್ಜರಿ ಸತ್ತಿದಾಳೆ ರೆಕ್ಸ್," ಎಂದಳು ಗ್ಲೆನಿಸ್. "ಅವಳು ಹುಟ್ಟೇ ಇರ್ಲಿಲ್ಲ. ಹುಟ್ಟದೇ ಇರೋರಿಗೆ ಅತ್ತೆ ಕಾಟ ಇರಲ್ಲ."

ಟೇಲಾಗೆ ನಗು ತಡೆಯಲಾಗಲಿಲ್ಲ. ಒಂದು ಸಣ್ಣ ಸದ್ದು ಬಾಯಿಂದ ಹಾರಿತು. ಕೂಡಲೇ ಕೈಯಿಂದ ಬಾಯಿ ಮುಚ್ಚಿಕೊಂಡಳು. ರೆಕ್ಸ್ ಚಾಕು ಕೆಳಗಿಟ್ಟು, ಕುರ್ಚಿಯನ್ನು ಒಳಗೆ ಸರಿಸಿ, ಹಿಂಬಾಗಿಲಿಂದ ಶೆಡ್ಡಿಗೆ ಹೋದ. ಟ್ಯಾಮ್ಸಿನ್ ಅಳತೊಡಗಿದಳು. "ಅಮ್ಮ, ನೀನು ಯಾಕೆ ಹೇಳ್ದೆ? ಯಾರಿಗೂ ಗೊತ್ತಿರ್ಲಿಲ್ಲ. ಯಾರಿಗೂ ಗೊತ್ತಾಗ್ತಾನೂ ಇರ್ಲಿಲ್ಲ."

ಗ್ಲೆನಿಸ್ ಎದ್ದು ರೋಸ್ಟಿನ ಮೇಲೆ ಮುಚ್ಚಳ ಹಾಕಿದಳು.

ಮಗಳು ಸಂಜೆಯ ವಿಮಾನಕ್ಕೆ ಹೊರಟುಹೋದಳು. ಹೋಗುವಾಗ ಬಾಗಿಲಲ್ಲಿ ತಾಯಿಯನ್ನು ತಬ್ಬಿ, ಹಿಂದೆ ಸರಿದು, ಒಂದು ಗಳಿಗೆ ಅವಳ ಮುಖವನ್ನು ನೋಡಿದಳು. ಇವಳನ್ನು ನಾನು ಇಷ್ಟು ದಿನ ತಪ್ಪಾಗಿ ಬರೆದೆ ಎಂಬಂಥ ನೋಟ ಅದು. ಗ್ಲೆನಿಸ್ ಮುಖ ತಿರುಗಿಸಿಕೊಂಡಳು.

ಮಾರನೆಯ ದಿನದಿಂದ ರೆಕ್ಸ್ ಶೆಡ್ಡಿನಲ್ಲೇ ಉಳಿದ. ಮಡಿಸುವ ಮಂಚ, ಗ್ಯಾಸಿನ ಸಣ್ಣ ಒಲೆ ಸಾಗಿಸಿದ. ಡಬ್ಬದ ಬೀನ್ಸ್ ಬಿಸಿ ಮಾಡಿ ಬ್ರೆಡ್ಡಿನ ಮೇಲೆ ಸುರಿದು ತಿನ್ನುತ್ತಿದ್ದ. ಸ್ನಾನಕ್ಕೆ ಮಾತ್ರ, ಅವಳು ಹೊರಗೆ ಹೋದ ಹೊತ್ತು ನೋಡಿ ಬರುತ್ತಿದ್ದ. ಗುರುವಾರಗಳಲ್ಲಿ ಪೆಂಗ್ವಿನ್ನಿನ ಟ್ರೆವರ್ ಫೋನು ಮಾಡಲಿಲ್ಲ. ಮೂರನೆಯ ಗುರುವಾರ ನಿರೂಪಕನೇ, "ನಮ್ಮ ಟ್ರೆವರ್ ಆರೋಗ್ಯವಾಗಿದ್ದಾರೆ ಅಂತ ನಂಬ್ತೀನಿ," ಎಂದ.

ಗ್ಲೆನಿಸ್ ಎಂದಿನಂತೆ ಎರಡು ಹೊತ್ತೂ ಅಡಿಗೆ ಮಾಡಿ, ಒಂದು ತಟ್ಟೆಯನ್ನು ಮುಚ್ಚಿ ಶೆಡ್ಡಿನ ಮೆಟ್ಟಿಲ ಮೇಲಿಡುತ್ತಿದ್ದಳು. ಅದು ಮುಚ್ಚಿದ ಹಾಗೇ ವಾಪಸು ಬರುತ್ತಿತ್ತು. ಕ್ರೇಗ್ ಅದನ್ನು ಮೈಕ್ರೋವೇವಿನಲ್ಲಿ ಬಿಸಿ ಮಾಡಿಕೊಂಡು ತಾನೇ ತಿನ್ನುತ್ತಿದ್ದ.

"ಅಪ್ಪನ ಪರವಾಗಿ ಮಾತಾಡ್ತಿಲ್ಲ ಅಮ್ಮ," ಎಂದ ಒಂದು ದಿನ ಬಾಯಿ ತುಂಬಿಸಿಕೊಂಡು. "ಆದ್ರೆ ಅದು ಅವನ ತಾಯಿ."

"ಗೊತ್ತು."

"ಸಾರಿ ಕೇಳು."

"ಕೇಳಿದೀನಿ. ಬಾಗಿಲು ತೆಗೀಲಿಲ್ಲ."

"ಇನ್ನೊಂದು ಸಲ ಕೇಳು."

"ನೀನು ನಿನ್ನ ಹೆಂಡ್ತಿ ಹತ್ರ ಎಷ್ಟು ಸಲ ಕೇಳ್ದೆ?"

ಕ್ರೇಗ್ ತಟ್ಟೆ ಎತ್ತಿಕೊಂಡು ಹೋಗಿ ಕಾರಿನಲ್ಲಿ ಕೂತ.

ಟೇಲಾ ಭಾನುವಾರ ಬರುವುದನ್ನು ನಿಲ್ಲಿಸಲಿಲ್ಲ. ಆದರೆ ಒಮ್ಮೆ ಸ್ನಾನಕ್ಕೆ ಹೊರಟವಳು ಬಾಗಿಲಲ್ಲಿ ನಿಂತು, ಟವೆಲು ಹೆಗಲ ಮೇಲೆ ಹಾಕಿಕೊಂಡು, "ಅಜ್ಜಿ, ನಾನು ಜಾರಿ ಬಿದ್ರೆ ಬರ್ತೀಯ ತಾನೆ?" ಎಂದಳು. ತಮಾಷೆಗೇ ಅಂದದ್ದು. ಗ್ಲೆನಿಸ್ ಬರ್ತೀನಿ ಎಂದಳು. ಮೊಮ್ಮಗಳು ಹೊರಗೆ ಬರುವ ತನಕ ಬಾಗಿಲ ಪಕ್ಕದ ಗೋಡೆಗೆ ಒರಗಿ ನಿಂತೇ ಇದ್ದಳು.

ಧಾರಾವಾಹಿಯ ಕೊನೆಯ ಕಂತಿನಲ್ಲಿ ಡಾಟ್ ಮತ್ತು ಅವಳ ಗಂಡ ಸಮುದ್ರದ ದಂಡೆಯಲ್ಲಿ ಕಾಗದದಲ್ಲಿ ಸುತ್ತಿದ ಮೀನು, ಕರಿದ ಆಲೂಗಡ್ಡೆ ತಿನ್ನುತ್ತಾ ಒಬ್ಬರಿಗೊಬ್ಬರು ತಮ್ಮ ಗುಟ್ಟು ಹೇಳಿಕೊಂಡು ನಕ್ಕು ಅತ್ತರಂತೆ. ಗ್ಲೆನಿಸ್ ನೋಡಲಿಲ್ಲ. ವ್ಯಾಲ್ ಹೇಳಿದಳು, ಕಣ್ಣೊರೆಸಿಕೊಳ್ಳುತ್ತಾ.

ಆಮೇಲೆ ಹದಿನೈದು ದಿನಕ್ಕೆ, ಬೆಳಿಗ್ಗೆ ಹನ್ನೊಂದರ ಹೊತ್ತು, ಗ್ಲೆನಿಸ್ ಅಡಿಗೆಮನೆಯ ಮೇಜಿನ ಮೇಲೆ ಬಟಾಣಿ ಸುಲಿಯುತ್ತಿದ್ದಾಗ ಹಿಂಬಾಗಿಲು ತೆರೆಯಿತು. ರೆಕ್ಸ್ ಟೊಪ್ಪಿ ತೆಗೆದು ಕೈಯಲ್ಲಿ ಹಿಡಿದು ನಿಂತಿದ್ದ. ತೆಳ್ಳಗಾಗಿದ್ದ. ಗಡ್ಡ ಬೆಳ್ಳಗೆ ಬಂದಿತ್ತು. ಶರಟಿನ ಗುಂಡಿ ಒಂದು ಮನೆ ತಪ್ಪಿ ಹಾಕಿಕೊಂಡಿದ್ದ.

"ಒಂದು ಕೇಳ್ತೀನಿ," ಎಂದ. "ನಿಜ ಹೇಳ್ಬೇಕು."

"ಕೇಳು."

"ಅವತ್ತು ನಾನೂ ಮನೇಲೇ ಇದ್ದೆ. ರಾತ್ರಿ ಪಾಳಿ ಮುಗಿಸಿ ಬಂದು ಮಲಗದೆ ಶೆಡ್ಡಲ್ಲಿದ್ದೆ. ಕುದುರೆ ರೇಸಿನ ಕಾಮೆಂಟ್ರಿ ಜೋರಾಗಿ ಹಾಕ್ಕೊಂಡಿದ್ದೆ. ನಿಂಗೆ ಗೊತ್ತು."

"ಗೊತ್ತು."

"ಬಚ್ಚಲು ಕಿಟಕಿಗೂ ಶೆಡ್ಡಿಗೂ ಇಪ್ಪತ್ತು ಹೆಜ್ಜೆ ಇಲ್ಲ. ದಿನಾ ಅಳೀತಿದೀನಿ." ಅವನು ಟೊಪ್ಪಿಯ ಅಂಚನ್ನು ತಿರುವಿದ. "ಅಮ್ಮ ನನ್ನನ್ನ ಕರೆದ್ಲಾ?"

ಕರೆದಿದ್ದಳು. ಮೊದಲು ಸೊಸೆಯ ಹೆಸರು ಹಿಡಿದು ಹತ್ತು ಹನ್ನೆರಡು ಸಲ ಕೂಗಿದ ಥೆಲ್ಮಾ, ಇವಳು ಬರುವುದಿಲ್ಲವೆಂದು ತಿಳಿದ ಮೇಲೆ ಆ ಹೆಸರು ಬಿಟ್ಟಳು. ಆಮೇಲೆ ಕರೆದದ್ದೆಲ್ಲ ಮಗನನ್ನು. ರೆಕ್ಸೀ, ರೆಕ್ಸೀ ಎಂದು, ಆಟಕ್ಕೆ ಹೋದ ಮಗುವನ್ನು ಊಟಕ್ಕೆ ಕರೆದ ಹಾಗೆ, ಸಿಟ್ಟಿಲ್ಲದ ದನಿಯಲ್ಲಿ. ಗ್ಲೆನಿಸ್ ಬುಟ್ಟಿಯ ತಳದ ಶರಟುಗಳನ್ನು ಆ ಕರೆ ಕೇಳುತ್ತಲೇ ಇಸ್ತ್ರಿ ಮಾಡಿದ್ದಳು. ಶೆಡ್ಡಿನಲ್ಲಿ ಕುದುರೆಗಳು ಓಡುತ್ತಿದ್ದವು. ಅವಳು ಇಸ್ತ್ರಿ ಕೆಳಗಿಟ್ಟದ್ದು ಆ ಕರೆ ನಿಂತ ಮೇಲೆ.

ಅವಳು ಗಂಡನ ಮುಖ ನೋಡಿದಳು. ಎಪ್ಪತ್ತೊಂದು ವರ್ಷದ ಮುಖ, ಏಟಿಗೆ ಕೆನ್ನೆ ಒಡ್ಡಿ ನಿಂತ ಹಾಗಿತ್ತು.

"ಇಲ್ಲ," ಎಂದಳು. "ನನ್ನನ್ನೇ ಕರೀತಿದ್ರು. ಕೊನೇ ತನಕ ನನ್ನನ್ನೇ."

"ನನ್ನ ಹೆಸರು ಒಂದು ಸಲಾನೂ ಬರ್ಲಿಲ್ವಾ?"

"ಒಂದು ಸಲಾನೂ ಇಲ್ಲ."

ರೆಕ್ಸ್ ಬಾಗಿಲ ಚೌಕಟ್ಟಿಗೆ ಕೈ ಕೊಟ್ಟು, ತಡೆಹಿಡಿದಿದ್ದ ಉಸಿರನ್ನೆಲ್ಲ ಹೊರಗೆ ಬಿಟ್ಟ. ಬಾಗಿದ್ದ ಬೆನ್ನು ಅವಳ ಕಣ್ಣೆದುರೇ ನೆಟ್ಟಗಾಯಿತು. "ಹಂಗಾದ್ರೆ ಸರಿ," ಎಂದ. "ಹಂಗಾದ್ರೆ ಅದು ನಿಂದೇ."

"ಹೌದು. ನಂದೇ."

ಆ ಭಾನುವಾರ ಅವನು ಗಡ್ಡ ತೆಗೆದು, ತಲೆ ಬಾಚಿ ಮೇಜಿಗೆ ಬಂದ. ರೋಸ್ಟು ಕೊಯ್ಯುವ ಮೊದಲು ಗಂಟಲು ಸರಿಮಾಡಿಕೊಂಡ.

"ಕ್ರೇಗ್, ಟೇಲಾ, ಒಂದು ಮಾತು. ನಾನು ಎಲ್ಲಾ ಯೋಚ್ನೆ ಮಾಡಿದೆ. ಇವಳನ್ನ ಕ್ಷಮಿಸಿದೀನಿ. ಇನ್ಮೇಲೆ ಈ ಮನೇಲಿ ಆ ವಿಷ್ಯ ಬೇಡ."

"ದೊಡ್ಡ ಮನಸ್ಸಪ್ಪ ನಿಂದು," ಎಂದ ಕ್ರೇಗ್. ಟೇಲಾ ಎದ್ದು ಹೋಗಿ ಅಜ್ಜನ ಕುತ್ತಿಗೆಗೆ ತೋಳು ಹಾಕಿದಳು. ಆಮೇಲೆ ಮೂವರೂ ಗ್ಲೆನಿಸ್ ಕಡೆ ತಿರುಗಿ ಕಾದರು.

"ಥ್ಯಾಂಕ್ಯೂ ರೆಕ್ಸ್," ಎಂದಳು ಅವಳು.

ರೆಕ್ಸ್ ಮಾಂಸದ ಒಂದು ಚೂರು ಬಾಯಿಗಿಟ್ಟು ಅಗಿದ. "ಸ್ವಲ್ಪ ಜಾಸ್ತಿ ಬೆಂದಿದೆ," ಎಂದ. ಅವಳ ಮುಖ ನೋಡಿ, ತಲೆಯಾಡಿಸಿ, ಮೆತ್ತಗಿನ ದನಿಯಲ್ಲಿ ಸೇರಿಸಿದ: "ಪರವಾಗಿಲ್ಲ ಬಿಡು."

ಆ ಮೆತ್ತಗಿನ ದನಿ ಅಂದಿನಿಂದ ಮನೆಯಲ್ಲೇ ಉಳಿಯಿತು. ಚಹಾ ತಡವಾದರೆ ಪರವಾಗಿಲ್ಲ ಎಂದ. ಕಾರಿನ ಕೀಲಿ ಎಲ್ಲೋ ಇಟ್ಟು ಮರೆತರೆ ಪರವಾಗಿಲ್ಲ ಎಂದ. ಬಂದ ನೆಂಟರ ಮುಂದೆ ಅವಳ ಹೆಗಲ ಮೇಲೆ ಕೈಯಿಟ್ಟು, ನಾವು ಎಷ್ಟೋ ದಾಟಿ ಬಂದಿದ್ದೇವೆ ಎಂದ. ದಿನಕ್ಕೆ ನಾಲ್ಕೈದು ಸಲ ಅವನು ಅವಳನ್ನು ಕ್ಷಮಿಸುತ್ತಿದ್ದ. ಗ್ಲೆನಿಸ್ ಪ್ರತಿ ಸಲವೂ ತಲೆ ತಗ್ಗಿಸಿ ಆಗಲಿ ಎನ್ನುತ್ತಿದ್ದಳು.